ಹುಳಿ, ಹುರಿ ಮತ್ತು ಹಡಗಿನ ಖಲಾಸಿ

1498ರ ಅಕ್ಟೋಬರ್ 5ರಂದು ವಾಸ್ಕೋ ಡ ಗಾಮಾನ ಹಡಗುಗಳು ಕಾರವಾರದ ಎದುರಿಗಿರುವ ಅಂಜದೀವದಲ್ಲಿ ಲಂಗರು ಎತ್ತಿ ಪಡುವಣಕ್ಕೆ ಹೊರಟವು. ಬರುವಾಗ ಇದೇ ಅರಬ್ಬಿ ಸಮುದ್ರವನ್ನು ಅವು ತಿಂಗಳೊಳಗೆ ದಾಟಿದ್ದವು. ಏಪ್ರಿಲ್ 24ಕ್ಕೆ ಆಫ್ರಿಕಾದ ಮಲಿಂದಿ ಬಿಟ್ಟು ಮೇ 20ಕ್ಕೆ ಕಲ್ಲಿಕೋಟೆಯ ಹತ್ತಿರ ನಿಂತಿದ್ದವು. ಹೋಗುವಾಗ ಹಿಡಿದದ್ದು ಮೂರು ತಿಂಗಳಿಗೆ ಮೂರು ದಿನ ಕಡಿಮೆ. ಮುಂಗಾರಿನ ಗಾಳಿ ಮುಗಿದಿತ್ತು, ಈಶಾನ್ಯದ ಗಾಳಿ ಇನ್ನೂ ಹಿಡಿದಿರಲಿಲ್ಲ. ಹಾಯಿಗಳು ಜೋತುಬಿದ್ದವು. ಖಲಾಸಿಗಳ ವಸಡು ಬಾತು ಹಲ್ಲಿನ ಮೇಲೆ ಬೆಳೆಯಿತು, ತುತ್ತು ಅಗಿಯಲಾಗಲಿಲ್ಲ, ಕಾಲು ಊದಿತು. ಮೂವತ್ತು ಮಂದಿ ಸತ್ತರು. ಒಂದೊಂದು ಹಡಗಿನಲ್ಲೂ ಕೆಲಸ ಮಾಡಬಲ್ಲವರು ಏಳೆಂಟು ಜನ ಉಳಿದರು. ಮಲಿಂದಿ ಮುಟ್ಟಿದ ಮೇಲೆ ಮೂರು ಹಡಗು ನಡೆಸುವಷ್ಟು ಕೈ ಇಲ್ಲದೆ ಒಂದನ್ನು, ಸಾವೊ ರಫಾಯೆಲನ್ನು, ತಾವೇ ಸುಟ್ಟುಹಾಕಿದರು.

ಬರುವ ದಾರಿಯಲ್ಲೂ ಇವರಲ್ಲಿ ಹಲವರಿಗೆ ಇದೇ ಕಾಯಿಲೆ ಬಂದಿತ್ತು. ಮೊಂಬಾಸಾದಲ್ಲಿ ಅಲ್ಲಿನವರು ಕಿತ್ತಳೆ ತಂದುಕೊಟ್ಟರು, ರೋಗಿಗಳೆಲ್ಲ ಚೇತರಿಸಿಕೊಂಡರು. ಹಡಗಿನಲ್ಲಿ ದಿನಚರಿ ಬರೆಯುತ್ತಿದ್ದವನು ಎರಡನ್ನೂ ದಾಖಲಿಸಿದ್ದಾನೆ. ಗುಣವಾದದ್ದಕ್ಕೆ ಅವನು ಕೊಟ್ಟ ಕಾರಣ ಮಾತ್ರ ಬೇರೆ: ಆ ಊರಿನ ಗಾಳಿ ಒಳ್ಳೆಯದಂತೆ!

ಇದು ಸ್ಕರ್ವಿ. ಸಿ ವಿಟಮಿನ್ನಿನ ಕೊರತೆಯಿಂದ ಬರುತ್ತದೆಂದು ಶಾಲೆಯ ಮಕ್ಕಳೂ ಹೇಳುತ್ತಾರೆ, ಆದ್ದರಿಂದ ಆ ಪಾಠ ಇಲ್ಲಿ ಬೇಡ. ಆದರೆ ದೊಡ್ಡವರು ಅದಕ್ಕೆ ಒಂದು ಬಾಲ ಸೇರಿಸುತ್ತಾರೆ: ‘ಹುಳಿ ಇದ್ದಲ್ಲಿ ಸಿ ವಿಟಮಿನ್ ಇರುತ್ತದೆ, ನಾವು ದಿನಾ ಸಾರಿಗೆ ಹುಣಸೆ ಹಾಕುವುದಿಲ್ಲವೇ?’ ನಿಂಬೆರಸದ ಹುಳಿ ಸಿಟ್ರಿಕ್ ಆಮ್ಲದ್ದು. ನೂರು ಮಿಲಿಲೀಟರ್ ರಸದಲ್ಲಿ ಅದು ಸುಮಾರು 5 ಗ್ರಾಂ ಇದ್ದರೆ ಸಿ ವಿಟಮಿನ್ ಇರುವುದು 50 ಮಿಲಿಗ್ರಾಂ ಒಳಗೆ, ಅಂದರೆ ನೂರರಲ್ಲಿ ಒಂದು ಪಾಲು. ನಾಲಿಗೆಗೆ ತಿಳಿಯುವುದು ಆ ತೊಂಬತ್ತೊಂಬತ್ತು ಪಾಲು. ಹುಣಸೆಯ ಹುಳಿ ಟಾರ್ಟಾರಿಕ್ ಆಮ್ಲದ್ದು, ನೂರು ಗ್ರಾಂ ಹುಣಸೆಯಲ್ಲಿ ಸಿ ವಿಟಮಿನ್ ನಾಲ್ಕಾರು ಮಿಲಿಗ್ರಾಂ ಸಿಕ್ಕರೆ ಹೆಚ್ಚು. ಅದನ್ನೂ ಕುದಿಸಿಬಿಡುತ್ತೇವೆ. ಹುಳಿಯನ್ನೇ ಮದ್ದೆಂದು ನಂಬಿದ ಇದೇ ತಪ್ಪನ್ನು ಯುರೋಪಿನ ಪಂಡಿತರು ತಲೆಮಾರುಗಟ್ಟಲೆ ಮಾಡಿದರು. ಬೆಲೆ ತೆತ್ತವರು ಖಲಾಸಿಗಳು.

ಅವರು ತಿನ್ನುತ್ತಿದ್ದದ್ದೇನು? ಹದಿನೆಂಟನೇ ಶತಮಾನದ ಬ್ರಿಟಿಷ್ ನೌಕಾಪಡೆಯ ಪಡಿ ಹೀಗಿತ್ತು. ದಿನಕ್ಕೊಂದು ಪೌಂಡ್, ಎಂದರೆ 450 ಗ್ರಾಂ ಬಿಸ್ಕತ್ತು, ಒಂದು ಗ್ಯಾಲನ್ ಬಿಯರ್. ವಾರಕ್ಕೆ 4 ಪೌಂಡ್ ಉಪ್ಪು ಹಾಕಿದ ದನದ ಮಾಂಸ, 2 ಪೌಂಡ್ ಹಂದಿಮಾಂಸ, ಒಂದಿಷ್ಟು ಒಣ ಬಟಾಣಿ, ಓಟ್ಸ್ ಹಿಟ್ಟು, ಬೆಣ್ಣೆ, ಚೀಸ್. ಸೋಮವಾರ, ಬುಧವಾರ, ಶುಕ್ರವಾರ ಮಾಂಸವಿಲ್ಲ. ಆ ದಿನಗಳನ್ನು ನಾವಿಕರು ‘ಬನಿಯನ್ ದಿನ’ ಎನ್ನುತ್ತಿದ್ದರು. ಮಾಂಸ ಮುಟ್ಟದ ನಮ್ಮ ಗುಜರಾತಿ ಬನಿಯಾ ವರ್ತಕರಿಂದ ಬಂದ ಹೆಸರು ಅದು. ಹೊಟ್ಟೆಗೆ ಮೋಸವಿರಲಿಲ್ಲ, ಹಗ್ಗ ಎಳೆದು ದುಡಿಯುವವನಿಗೆ ಸಾಲುವಷ್ಟು ಕಸುವು ಈ ಪಡಿಯಲ್ಲಿತ್ತು. ಸಿ ವಿಟಮಿನ್ ಮಾತ್ರ ಇಲ್ಲವೆನ್ನುವಷ್ಟು ಕಡಿಮೆ.

ಬಿಸ್ಕತ್ತು ಎಂದರೆ ಚಹಾದಲ್ಲಿ ಅದ್ದುವ ಬಿಸ್ಕತ್ತಲ್ಲ. ಹಿಟ್ಟು, ನೀರು ಕಲಸಿ, ತಟ್ಟಿ, ಚುಚ್ಚಿ, ತೇವ ಪೂರಾ ಆರುವವರೆಗೆ ಸುಟ್ಟ ಹಲಗೆ ಅದು. ತೇವ ಹೋದರೆ ಬೂಷ್ಟು ಹಿಡಿಯುವುದಿಲ್ಲ, ಹುಳ ಮಾತ್ರ ಬಿಡುವುದಿಲ್ಲ; ಖಲಾಸಿ ಅದನ್ನು ಮೇಜಿಗೆ ಕುಟ್ಟಿ ಹುಳ ಉದುರಿಸಿ ತಿನ್ನುತ್ತಿದ್ದ. ಪೀಪಾಯಿಯಿಂದ ತೆಗೆದ ಮಾಂಸವನ್ನು ಉಪ್ಪು ಇಳಿಯಲೆಂದು ಹಿಂದಿನ ದಿನವೇ ತೊಟ್ಟಿಯ ನೀರಿನಲ್ಲಿ ನೆನೆಹಾಕಿ, ಮರುದಿನ ತಾಮ್ರದ ಹಂಡೆಯಲ್ಲಿ ಬೇಯಿಸುತ್ತಿದ್ದರು. ಆರೋ ಎಂಟೋ ಜನರ ಪಂಗಡಕ್ಕೆ ಒಂದು ಪಾತ್ರೆ. ಎರಡು ಫಿರಂಗಿಗಳ ನಡುವೆ ತೂಗುಬಿಟ್ಟ ಹಲಗೆಯೇ ಊಟದ ಮೇಜು. ತುಂಡುಗಳಲ್ಲಿ ಮೂಳೆ ಯಾವುದು, ಕೊಬ್ಬು ಯಾವುದು ಎಂದು ಜಗಳವಾಗಬಾರದಲ್ಲ? ಒಬ್ಬ ಬೆನ್ನು ತಿರುಗಿಸಿ ನಿಲ್ಲುತ್ತಿದ್ದ. ಬಡಿಸುವವನು ಒಂದು ತುಂಡಿಗೆ ಬೆರಳಿಟ್ಟು ‘ಇದು ಯಾರಿಗೆ?’ ಎನ್ನುತ್ತಿದ್ದ. ತಿರುಗಿ ನಿಂತವನು ಬಾಯಿಗೆ ಬಂದ ಹೆಸರು ಹೇಳುತ್ತಿದ್ದ. ರಾತ್ರಿ ಮಲಗಲು ಅವನ ಪಾಲಿಗೆ 14 ಅಂಗುಲ ಅಗಲದ ಜಾಗ. ನಾಲ್ಕು ಗಂಟೆಯ ಪಾಳಿ ಬದಲಾಗುತ್ತಿದ್ದುದರಿಂದ ಪಕ್ಕದವನು ಎದ್ದು ಹೋದಾಗ ಅದು ದುಪ್ಪಟ್ಟಾಗುತ್ತಿತ್ತು, ಅದೊಂದೇ ಪುಣ್ಯ.

ಈಗ ಒಂದು ಲೆಕ್ಕ. ಚೆನ್ನಾಗಿ ತಿಂದುಂಡವನ ಮೈಯಲ್ಲಿ ಸಿ ವಿಟಮಿನ್ ದಾಸ್ತಾನು ಸುಮಾರು 1,500 ಮಿಲಿಗ್ರಾಂ. ಹೊಸದು ಬರದಿದ್ದರೆ ಇದ್ದುದರಲ್ಲಿ ದಿನಕ್ಕೆ ಶೇಕಡಾ 3ರಷ್ಟು ಕರಗುತ್ತದೆ. ಉಳಿಕೆ 300ರ ಹತ್ತಿರಕ್ಕೆ ಇಳಿದಾಗ ರೋಗ ತಲೆಯೆತ್ತುತ್ತದೆ. ಗುಣಿಸಿ ನೋಡಿದರೆ ಸುಮಾರು 53 ದಿನ. ಅಂಜದೀವದ ಕಥೆಗೆ ಇದನ್ನು ಹಚ್ಚಿ ನೋಡಿ. 26 ದಿನದ ಪಯಣದಲ್ಲಿ ದಾಸ್ತಾನು ಅರ್ಧಕ್ಕಿಂತ ತುಸು ಕೆಳಗಿಳಿದರೂ 300ರ ಹತ್ತಿರ ಬರುವುದಿಲ್ಲ. ಮೂರು ತಿಂಗಳಿಗೆ ತಳ ಕಾಣುತ್ತದೆ. ಮುಂಗಾರು ಗಾಳಿ ನಂಬಿ ಮೂರು ನಾಲ್ಕು ವಾರದಲ್ಲಿ ಕಡಲು ದಾಟುತ್ತಿದ್ದವರಿಗೆ ಸ್ಕರ್ವಿ ಬರಲು ಪುರುಸೊತ್ತೇ ಇರಲಿಲ್ಲ. ಹದಿನಾಲ್ಕನೇ ಶತಮಾನದಲ್ಲಿ ಕಲ್ಲಿಕೋಟೆಯಲ್ಲಿ ಚೀನೀ ಹಡಗುಗಳನ್ನು ಕಂಡ ಇಬ್ನ್ ಬತೂತಾ, ಅವುಗಳ ಮೇಲೆ ಮರದ ತೊಟ್ಟಿಗಳಲ್ಲಿ ಸೊಪ್ಪು, ತರಕಾರಿ, ಶುಂಠಿ ಬೆಳೆಯುತ್ತಿದ್ದರೆಂದು ಹೇಳುತ್ತಾನೆ. ವಿಟಮಿನ್ ಪದ ಹುಟ್ಟುವ ಐನೂರೈವತ್ತಕ್ಕೂ ಹೆಚ್ಚು ವರ್ಷ ಮೊದಲಿನ ಮಾತಿದು.

ದಾಸ್ತಾನು ತೀರಿದರೆ ಮೈಯಲ್ಲಿ ಕೆಡುವುದಾದರೂ ಏನು? ಉತ್ತರ ಹಡಗಿನ ಮೇಲೆಯೇ ಮಾರುಗಟ್ಟಲೆ ಸುತ್ತಿ ಬಿದ್ದಿತ್ತು: ಹಗ್ಗ. ಹಗ್ಗ ಹೊಸೆಯುವವರನ್ನು ನೋಡಿದವರಿಗೆ ಗೊತ್ತು. ನಾರನ್ನು ಒಂದು ದಿಕ್ಕಿಗೆ ಹೊಸೆದು ಎಳೆ ಮಾಡುತ್ತಾರೆ, ಮೂರು ಎಳೆ ಕೂಡಿಸಿ ಎದುರು ದಿಕ್ಕಿಗೆ ಹುರಿ ಹಾಕುತ್ತಾರೆ. ಎಳೆ ಬಿಚ್ಚಿಕೊಳ್ಳಲು ಹೊರಟರೆ ಹುರಿ ಬಿಗಿಯಾಗುತ್ತದೆ, ಹುರಿ ಬಿಚ್ಚಲು ಹೊರಟರೆ ಎಳೆ ಬಿಗಿಯಾಗುತ್ತದೆ. ನಮ್ಮ ಚರ್ಮ, ವಸಡು, ರಕ್ತನಾಳದ ಗೋಡೆ, ಮೂಳೆಯ ಹಂದರ, ಗಾಯದ ಕಲೆ ಎಲ್ಲವನ್ನೂ ಹಿಡಿದಿಟ್ಟಿರುವ ಕೊಲಾಜೆನ್ ಎಂಬ ಪ್ರೋಟೀನು ಇದೇ ಕಸುಬಿನದು. ಮೂರು ಎಳೆ, ಒಂದೊಂದರಲ್ಲೂ ಸುಮಾರು ಸಾವಿರ ಅಮೈನೋ ಆಮ್ಲದ ಮಣಿ. ಎಳೆಯ ತಿರುವು ಎಡಕ್ಕೆ, ಮೂರೂ ಸೇರಿದ ಹುರಿ ಬಲಕ್ಕೆ. ಪ್ರತಿ ಮೂರನೆಯ ಮಣಿ ಗ್ಲೈಸಿನ್. ಮಣಿಗಳಲ್ಲೆಲ್ಲ ಪುಟ್ಟದು ಅದೇ, ಹುರಿಯ ನಟ್ಟನಡುವೆ ಇನ್ನೊಂದಕ್ಕೆ ಜಾಗವಿಲ್ಲ.

ಇಷ್ಟೇ ಆದರೆ ಹುರಿ ನಿಲ್ಲುವುದಿಲ್ಲ. ಎಳೆಯಲ್ಲಿ ಪ್ರೋಲಿನ್ ಎಂಬ ಮಣಿಗಳಿವೆ. ಅವುಗಳಲ್ಲಿ ನೂರರಷ್ಟಕ್ಕೆ ಒಂದೊಂದು ಆಮ್ಲಜನಕ-ಜಲಜನಕದ ಜೋಡಿಯನ್ನು ಸಿಕ್ಕಿಸಬೇಕು, ಮಣಿಗೊಂದು ಕೊಕ್ಕೆ ಹಾಕಿದ ಹಾಗೆ. ಕೊಕ್ಕೆ ಇಲ್ಲದ ಹುರಿ ತುಪ್ಪದಂತೆ: ಚಳಿಯಲ್ಲಿ ಗಟ್ಟಿ, ಬಿಸಿಯಲ್ಲಿ ನೀರು. ಸುಮಾರು 24 ಡಿಗ್ರಿಗೇ ಮೂರು ಎಳೆಯೂ ಕಳಚಿಕೊಳ್ಳುತ್ತವೆ. ಕೊಕ್ಕೆ ಬಿದ್ದ ಹುರಿ 40 ಡಿಗ್ರಿಯ ಆಸುಪಾಸಿನವರೆಗೆ ತಡೆಯುತ್ತದೆ. ನಮ್ಮ ಮೈಯ ಬಿಸಿ 37. ಅಂದರೆ ಸ್ಕರ್ವಿ ಹತ್ತಿದವನ ಹೊಸ ಹುರಿ ಅವನದೇ ಮೈಬಿಸಿಗೆ ನಿಲ್ಲಲಾರದು. ಜೀವಕೋಶ ಅಂಥ ಮಾಲನ್ನು ಹೊರಗೆ ಕಳಿಸದೆ ಒಳಗೇ ತಡೆದು ಒಡೆದುಹಾಕುತ್ತದೆ.

ಕೊಕ್ಕೆ ಸಿಕ್ಕಿಸುವ ಕೆಲಸ ಒಂದು ಕಿಣ್ವದ್ದು, ಅದರ ಕೈಯಲ್ಲಿರುವ ಉಪಕರಣ ಒಂದು ಕಬ್ಬಿಣದ ಪರಮಾಣು. ಕೆಲಸದ ನಡುವೆ ಆಗೀಗ ಆ ಕಬ್ಬಿಣ ಒಂದು ಎಲೆಕ್ಟ್ರಾನ್ ಕಳೆದುಕೊಂಡು, ತುಕ್ಕು ಹಿಡಿದಂತಾಗಿ, ನಿಂತುಬಿಡುತ್ತದೆ. ಸಿ ವಿಟಮಿನ್ ಎಲೆಕ್ಟ್ರಾನನ್ನು ಮರಳಿಸಿ ಅದನ್ನು ಮತ್ತೆ ಕೆಲಸಕ್ಕೆ ಹಚ್ಚುತ್ತದೆ. ಕ್ಷೌರಿಕನ ಕತ್ತಿ ಮತ್ತು ಸಾಣೆಯ ಸಂಬಂಧ ಇದು. ಗಡ್ಡ ಬೋಳಿಸುವುದು ಸಾಣೆಯಲ್ಲ, ಆದರೆ ಸಾಣೆ ಇಲ್ಲದ ಅಂಗಡಿ ನಾಲ್ಕು ದಿನದಲ್ಲಿ ಮುಚ್ಚುತ್ತದೆ. ದಿನಕ್ಕೆ 10 ಮಿಲಿಗ್ರಾಂ ಸಿ ವಿಟಮಿನ್ ಒಂದು ಇಡೀ ಶರೀರದ ಸ್ಕರ್ವಿಯನ್ನು ದೂರವಿಡುವುದು ಈ ಕಾರಣಕ್ಕೆ. ಅದು ಕಟ್ಟುವ ಕಲ್ಲಲ್ಲ, ಉಳಿ ಹರಿತ ಮಾಡುವ ವಸ್ತು.

ರೋಗದ ಲಕ್ಷಣಗಳೆಲ್ಲ ಇಲ್ಲಿಂದ ಸಾಲಾಗಿ ಬರುತ್ತವೆ. ಹಳೆ ಹುರಿ ಸವೆದು ಹೊಸ ಹುರಿ ಬೇಗ ಬೇಗ ಬೇಕಾಗುವ ಜಾಗ ಮೊದಲು ಕುಸಿಯುತ್ತದೆ. ಹಲ್ಲನ್ನು ದವಡೆಗೆ ಕಟ್ಟಿರುವ ನಾರು ಅಂಥದ್ದು, ಆದ್ದರಿಂದಲೇ ಹಲ್ಲು ಅಲ್ಲಾಡುವುದು. ಕೂದಲ ಬುಡದ ಸಣ್ಣ ರಕ್ತನಾಳ ಒಡೆದು ಕೆಂಪು ಚುಕ್ಕಿ ಏಳುತ್ತದೆ. ಎಲ್ಲಕ್ಕಿಂತ ಬೆಚ್ಚಿಬೀಳಿಸುವುದು ಹಳೆ ಗಾಯದ ಸಂಗತಿ. 1740ರಲ್ಲಿ ಹೊರಟ ಬ್ರಿಟಿಷ್ ನೌಕಾಧಿಕಾರಿ ಜಾರ್ಜ್ ಆ್ಯನ್ಸನ್‌ನ ಹಡಗಿನಲ್ಲಿ ಒಬ್ಬ ಮುದುಕ ನಾವಿಕನಿದ್ದ. ಐರ್ಲೆಂಡಿನಲ್ಲಿ ನಡೆದ 1690ರ ಬಾಯ್ನ್ ಕಾಳಗದಲ್ಲಿ ಆದ ಅವನ ಗಾಯ, ಮಾಯ್ದು ಐವತ್ತು ವರ್ಷವಾಗಿದ್ದದ್ದು, ನಿನ್ನೆಯದೆಂಬಂತೆ ಬಾಯ್ದೆರೆಯಿತು. ಕೂಡಿಕೊಂಡಿದ್ದ ಮೂಳೆ ಬಿಟ್ಟುಕೊಂಡಿತು. ಗಾಯದ ಕಲೆಯನ್ನು ನಾವು ಮುಗಿದ ಕೆಲಸ ಎಂದುಕೊಳ್ಳುತ್ತೇವೆ. ಮೈ ಅದನ್ನು ಮಣ್ಣಿನ ಮಾಳಿಗೆಯಂತೆ ಬಿಡದೆ ರಿಪೇರಿ ಮಾಡುತ್ತಲೇ ಇರುತ್ತದೆ.

ಮೊದಲ ಲಕ್ಷಣ ಬರೀ ಸುಸ್ತು. ಅದು ಖಲಾಸಿಯ ಪಾಲಿಗೆ ಶಾಪ. ಸೋಮಾರಿಗಳಿಗೆ ಸ್ಕರ್ವಿ ಬರುತ್ತದೆಂದು ಅಧಿಕಾರಿಗಳು ನಂಬಿದ್ದರು, ಏಳಲಾರದವನನ್ನು ಗದರಿ ಹೊಡೆದು ಎಬ್ಬಿಸುತ್ತಿದ್ದರು. ಮಣ್ಣಿನ ವಾಸನೆಯೇ ಔಷಧವೆಂದು ದಡದಲ್ಲಿ ಗುಂಡಿ ತೋಡಿ ರೋಗಿಯನ್ನು ಕುತ್ತಿಗೆಯವರೆಗೆ ಹೂಳಿದ್ದೂ ಉಂಟು. ದಡದಲ್ಲಿ ಹಸಿ ಸೊಪ್ಪು ತಿಂದು ಅವನು ಗುಣವಾದರೆ ಕೀರ್ತಿ ಗುಂಡಿಗೆ!

ಮದ್ದು ಗೊತ್ತಿರಲಿಲ್ಲವೆಂದಲ್ಲ. 1601ರಲ್ಲಿ ಈಸ್ಟ್ ಇಂಡಿಯಾ ಕಂಪನಿಯ ಮೊದಲ ಯಾತ್ರೆಯಲ್ಲೇ ಜೇಮ್ಸ್ ಲ್ಯಾಂಕಾಸ್ಟರ್ ತನ್ನ ಹಡಗಿನವರಿಗೆ ಬೆಳಗ್ಗೆ ಮೂರು ಚಮಚ ನಿಂಬೆರಸ ಕುಡಿಸಿದ್ದ. ಉಳಿದ ಮೂರು ಹಡಗಿನವರು ನೆಲ ಕಂಡಾಗ ನಿಲ್ಲಲಾರದೆ ಇದ್ದರು, ಇವನವರು ಹೋಗಿ ಅವರ ದೋಣಿ ಇಳಿಸಿಕೊಟ್ಟರು. 1747ರಲ್ಲಿ ವೈದ್ಯ ಜೇಮ್ಸ್ ಲಿಂಡ್ ಸಾಲಿಸ್ಬರಿ ಹಡಗಿನಲ್ಲಿ 12 ರೋಗಿಗಳನ್ನು ಇಬ್ಬಿಬ್ಬರಂತೆ ಆರು ಜೋಡಿ ಮಾಡಿದ. ಒಂದು ಜೋಡಿಗೆ ಸೇಬಿನ ಮದ್ಯ, ಒಂದಕ್ಕೆ ನೀರು ಬೆರೆಸಿದ ಗಂಧಕಾಮ್ಲ, ಒಂದಕ್ಕೆ ವಿನೆಗರ್, ಒಂದಕ್ಕೆ ಸಮುದ್ರದ ನೀರು, ಒಂದಕ್ಕೆ ಬೆಳ್ಳುಳ್ಳಿ ಸಾಸಿವೆಯ ಲೇಹ್ಯ, ಕೊನೆಯದಕ್ಕೆ ದಿನಾ ಎರಡು ಕಿತ್ತಳೆ, ಒಂದು ನಿಂಬೆ. ಪಟ್ಟಿಯ ತುಂಬ ಹುಳಿ, ಗಮನಿಸಿ. ಆರನೇ ದಿನಕ್ಕೆ ಹಣ್ಣು ಮುಗಿಯಿತು, ಅಷ್ಟರಲ್ಲಿ ಆ ಜೋಡಿಯಲ್ಲೊಬ್ಬ ಕೆಲಸಕ್ಕೆ ಎದ್ದಿದ್ದ. ಗಂಧಕಾಮ್ಲ, ವಿನೆಗರ್ ಕುಡಿದವರು ಇದ್ದಲ್ಲೇ ಇದ್ದರು. ಹುಳಿಯ ಸಿದ್ಧಾಂತ ಅಂದೇ ಸಾಯಬೇಕಿತ್ತು.

ಸಾಯಲಿಲ್ಲ, ಅದರಲ್ಲಿ ಲಿಂಡ್‌ನದೂ ಪಾಲಿದೆ. ಅವನ ಮಾತನ್ನು ಅಧಿಕಾರಿಗಳು ಕೇಳಲಿಲ್ಲವೆಂದು ಹೇಳುವುದು ವಾಡಿಕೆ. ನನಗೆ ಅದು ಅರ್ಧ ಸತ್ಯ ಅನ್ನಿಸುತ್ತದೆ. ಹಣ್ಣು ಕೆಡದಿರಲೆಂದು ರಸವನ್ನು ಬಿಸಿ ಮಾಡಿ ಇಂಗಿಸಿ, ಪಾಕದಂತೆ ಸೀಸೆಯಲ್ಲಿಡಿ ಎಂದು ಬರೆದವನು ಅವನೇ. ಕಾವಿಗೂ ಗಾಳಿಗೂ ಸಿ ವಿಟಮಿನ್ ಹಾಳಾಗುತ್ತದೆ. ತಾಮ್ರ ತಾಗಿದರಂತೂ ಇನ್ನೂ ಬೇಗ. ಹಡಗಿನ ಹಂಡೆಯೂ ತಾಮ್ರದ್ದು. ಹೀಗೆ ಇಂಗಿಸಿದ ಪಾಕ ಬಾಯಿಗೆ ಹುಳಿ ಹುಳಿ, ಮೈಗೆ ನಿಸ್ಸಾರ. ಪಾಕ ತಿಂದವನು ಗುಣವಾಗದಿದ್ದರೆ ನಿಂಬೆಯ ಮೇಲಿನ ನಂಬಿಕೆಯೇ ಹೋಗುತ್ತಿತ್ತು.

ಹಸಿ ರಸದ ಪರೀಕ್ಷೆ ನಡೆದದ್ದು ನಮ್ಮ ಕಡೆಗೆ ಬರುವ ದಾರಿಯಲ್ಲಿ. 1794ರಲ್ಲಿ ಸಫೋಕ್ ಎಂಬ ಯುದ್ಧನೌಕೆ 23 ವಾರ ಎಲ್ಲೂ ನೆಲ ಮುಟ್ಟದೆ ಮದರಾಸಿಗೆ ಬಂತು. ಪ್ರತಿಯೊಬ್ಬನ ಮದ್ಯದಲ್ಲಿ ದಿನಾ ಔನ್ಸಿನ ಮೂರನೇ ಎರಡು ಭಾಗ ನಿಂಬೆರಸ, ಎರಡು ಔನ್ಸ್ ಸಕ್ಕರೆ. ಸ್ಕರ್ವಿಗೆ ಒಬ್ಬನೂ ಸಾಯಲಿಲ್ಲ. ಆ ರಸ ಅಂದಾಜು 19 ಮಿಲಿಲೀಟರ್. ತಾಜಾ ಇದ್ದರೆ ಅದರಲ್ಲಿ ಸಿ ವಿಟಮಿನ್ 8–9 ಮಿಲಿಗ್ರಾಂ. ಬೇಕಾದದ್ದು 10. ಕೂದಲೆಳೆಯಲ್ಲಿ ದಾಟಿದ್ದಾರೆ! ಮರುವರ್ಷ, 1795ರಲ್ಲಿ, ವೈದ್ಯ ಗಿಲ್ಬರ್ಟ್ ಬ್ಲೇನ್‌ನ ಒತ್ತಾಯದಿಂದ ನೌಕಾಪಡೆ ನಿಂಬೆರಸ ಕೊಡಲು ಒಪ್ಪಿತು.

ಹತ್ತೊಂಬತ್ತನೇ ಶತಮಾನದ ನಡುವೆ ಹುಳಿಯ ಭೂತ ಮತ್ತೆ ಮೆಟ್ಟಿತು. ಮೆಡಿಟರೇನಿಯನ್ ಕಡೆಯ ದೊಡ್ಡ ನಿಂಬೆಯನ್ನು ಬಿಟ್ಟು ತಮ್ಮದೇ ವಸಾಹತು ವೆಸ್ಟ್ ಇಂಡೀಸಿನ ಸಣ್ಣ ಹಸಿರು ಲೈಮನ್ನು ತರಿಸತೊಡಗಿದರು. ಹುಳಿ ಇನ್ನೂ ಜೋರು, ಆದ್ದರಿಂದ ಗುಣವೂ ಜೋರು ಎಂದು ಲೆಕ್ಕ. ಸ್ಕರ್ವಿ ತಡೆಯುವ ಶಕ್ತಿಯಲ್ಲಿ ಲೈಮ್ ರಸ ನಿಂಬೆಯ ಕಾಲು ಭಾಗವೆಂದು ವಿಜ್ಞಾನಿ ಹ್ಯಾರಿಯೆಟ್ ಚಿಕ್ ಮತ್ತು ಜೊತೆಗಾರ್ತಿಯರು ತೋರಿಸಿಕೊಟ್ಟದ್ದು 1918ರಲ್ಲಿ. ನಡುವಿನ ದಶಕಗಳಲ್ಲಿ ತಪ್ಪು ಕಾಣಿಸಲಿಲ್ಲ, ಏಕೆಂದರೆ ಹಬೆ ಹಡಗು ಬಂದು ಪಯಣಗಳು 53 ದಿನದೊಳಗೆ ಮುಗಿಯುತ್ತಿದ್ದವು. ಉತ್ತರ ಧ್ರುವದ ಕಡೆ ಹೋದ 1875ರ ನೇರ್ಸ್ ತಂಡದಂಥ ದೀರ್ಘ ಯಾತ್ರೆಯಲ್ಲಿ ಬಣ್ಣ ಬಯಲಾಯಿತು: ರಸವಿದ್ದೂ ಸ್ಕರ್ವಿ. ಆಗಲೂ ಅನುಮಾನ ಹೋದದ್ದು ಡಬ್ಬಿಯ ಮಾಂಸ ಕೆಟ್ಟಿರಬೇಕೆಂಬ ಕಡೆಗೆ.

ಗಂಟು ಬಿಚ್ಚಲು ಇಷ್ಟು ತಡವಾದದ್ದಕ್ಕೆ ಇಲಿಯೂ ಒಂದು ಕಾರಣ. ಹಡಗಿನ ಉಗ್ರಾಣದ ಇಲಿಗಳು ಖಲಾಸಿ ತಿನ್ನುವ ಬಿಸ್ಕತ್ತನ್ನೇ ತಿಂದು ಕೊಬ್ಬುತ್ತಿದ್ದವು, ಅವುಗಳ ವಸಡು ಊದುತ್ತಿರಲಿಲ್ಲ. ಇಲಿ, ಆಡು, ನಾಯಿ ಸಿ ವಿಟಮಿನ್ನನ್ನು ಯಕೃತ್ತಿನಲ್ಲಿ ತಾವೇ ತಯಾರಿಸಿಕೊಳ್ಳುತ್ತವೆ. ಕೊನೆಯ ಹಂತದ ಕಿಣ್ವದ ವಂಶವಾಹಿ ಮನುಷ್ಯನಲ್ಲಿ, ವಾನರಗಳಲ್ಲಿ, ಗಿನಿಪಿಗ್‌ಗಳಲ್ಲಿ ಕೆಟ್ಟು ಕೂತಿದೆ. 1907ರಲ್ಲಿ ನಾರ್ವೆಯ ಆಕ್ಸೆಲ್ ಹೋಲ್ಸ್ಟ್ ಮತ್ತು ಥಿಯೋಡೋರ್ ಫ್ರೋಲಿಕ್, ನಾವಿಕರಿಗೆ ಬರುತ್ತಿದ್ದ ಬೆರಿಬೆರಿ ಎಂಬ ಇನ್ನೊಂದು ರೋಗವನ್ನು ಹುಡುಕಲು ಹೊರಟು ಗಿನಿಪಿಗ್‌ಗಳಿಗೆ ಬರೀ ಧಾನ್ಯ ಹಾಕಿದರು. ಬಂದದ್ದು ಸ್ಕರ್ವಿ. ಅವರ ಕೈಗೆ ಅಂದು ಇಲಿ ಸಿಕ್ಕಿದ್ದರೆ ಏನೂ ಕಾಣುತ್ತಿರಲಿಲ್ಲ.

ಆ ಗಿನಿಪಿಗ್‌ಗಳ ನೆರವಿನಿಂದಲೇ 1932ರ ಹೊತ್ತಿಗೆ ವಸ್ತು ಪತ್ತೆಯಾಯಿತು. ಆದರೆ ಪರೀಕ್ಷೆಗೆ ಬೇಕಾದಷ್ಟು ಶುದ್ಧ ಪುಡಿ ಎಲ್ಲೂ ಇರಲಿಲ್ಲ. ಹಣ್ಣಿನ ರಸದಿಂದ ಅದನ್ನು ಬೇರ್ಪಡಿಸಲು ಅದರಲ್ಲಿದ್ದ ಸಕ್ಕರೆ ಅಡ್ಡ ಬರುತ್ತಿತ್ತು. ಹಂಗೆರಿಯ ಸೆಗೆಡ್ ಊರಿನಲ್ಲಿದ್ದ ಆಲ್ಬರ್ಟ್ ಸೆಂಟ್-ಗ್ಯೋರ್ಗಿ ಊರ ಬೆಳೆಯನ್ನೇ ತಂದು ಹಿಂಡಿದ, ಕೆಲವೇ ವಾರಗಳಲ್ಲಿ ಕಿಲೋಗಟ್ಟಲೆ ಪುಡಿ ಕೈಗೆ ಬಂತು. ಅಲ್ಲಿನ ಬೆಳೆ ಪಾಪ್ರಿಕಾ, ಎಂದರೆ ಮೆಣಸಿನಕಾಯಿ. ಹಸಿಯಾಗಿದ್ದರೆ ಅದರಲ್ಲಿ ನಿಂಬೆಗಿಂತ ಹೆಚ್ಚು ಸಿ ವಿಟಮಿನ್, ನಾಲಿಗೆಗೆ ಮಾತ್ರ ಹುಳಿಯ ಸುಳಿವಿಲ್ಲ. ಅಮೆರಿಕದ ಈ ಗಿಡವನ್ನು ನಮ್ಮ ಕರಾವಳಿಗೆ ತಂದು ಇಳಿಸಿದ್ದು ಪೋರ್ಚುಗೀಸರ ಹಡಗುಗಳೇ.