ಒಂಟಿತನ ಕಂಡರೆ ಸಾಲದು, ಕೇಳಿಸಬೇಕು

ನಿರ್ಜನ ಪ್ರದೇಶದಲ್ಲಿ ಪ್ರಾಯೋಗಿಕ ಚಿತ್ರ ಮಾಡಹೊರಟವರು ಮೊದಲು ತೆಗೆಯುವ ಶಾಟ್ ಸಾಮಾನ್ಯವಾಗಿ ಒಂದೇ: ದೊಡ್ಡ ಬೆಟ್ಟ, ಅದರ ಬುಡದಲ್ಲಿ ಇರುವೆಯಷ್ಟು ಮನುಷ್ಯ. ಅದನ್ನು ಡ್ರೋನಿನಿಂದ ತೆಗೆದರಂತೂ ಕೆಲಸ ಕೆಟ್ಟಂತೆಯೇ. ಮೇಲೆ ಇನ್ಯಾರದೋ ಕಣ್ಣಿದೆ ಎಂದು ನೋಡುವವರಿಗೆ ತಕ್ಷಣ ಗೊತ್ತಾಗುತ್ತದೆ. ಒಂಟಿತನ ಹುಟ್ಟುವುದು ಹೆಚ್ಚಾಗಿ ಶಬ್ದದಿಂದ, ಆಮೇಲೆ ಶಾಟಿನ ಉದ್ದದಿಂದ.

ಸದ್ದಿಲ್ಲದ ಜಾಗದಲ್ಲಿ ಗೇನ್ (ಮೈಕಿನ ದನಿಯನ್ನು ಹಿಗ್ಗಿಸುವ ಮಟ್ಟ) ಏರಿಸಲೇಬೇಕು, ಏರಿಸಿದೊಡನೆ ಮೈಕಿನ ಸ್ವಂತ ‘ಸ್ಸ್’ ಸದ್ದು ಮೇಲೆದ್ದು ಬರುತ್ತದೆ. ಈ ಸ್ವಂತ ಸದ್ದು, ಅಂದರೆ ಸೆಲ್ಫ್ ನಾಯ್ಸ್, 10 ಡೆಸಿಬೆಲ್‌ಗಿಂತ ಕಡಿಮೆಯಿರುವ ಮೈಕ್ ಹುಡುಕಿ. ಕ್ಯಾಮೆರಾದೊಳಗಿನ ಮೈಕ್ ಇಲ್ಲಿ ಪ್ರಯೋಜನಕ್ಕಿಲ್ಲ. ಗಾಳಿಗೆ ಬರೀ ಸ್ಪಂಜಿನ ಟೊಪ್ಪಿ ಸಾಲದು, ಬ್ಲಿಂಪ್ (ಮೈಕನ್ನು ಒಳಗಿಟ್ಟು ಗಾಳಿ ತಡೆಯುವ ಪಂಜರದಂಥ ಕವಚ) ಮತ್ತು ಅದರ ಮೇಲೆ ತುಪ್ಪಳದ ಹೊದಿಕೆಯೂ ಬೇಕು. ರೆಕಾರ್ಡರ್ ಚಾಲೂ ಮಾಡಿ 15–20 ಮೀಟರ್ ದೂರ ಹೋಗಿ ಕೂರಿ. ಹತ್ತಿರವೇ ಇದ್ದರೆ ಜಾಕೆಟ್ಟಿನ ಸರಸರ, ಉಸಿರು, ಹೊಟ್ಟೆಯ ಗುರುಗುರು ಎಲ್ಲವೂ ದಾಖಲಾಗುತ್ತವೆ. ಅರ್ಧ ಗಂಟೆಯಾದರೂ ಓಡಲಿ. ಆಳು ಬಂದನೆಂದು ಸುಮ್ಮನಾದ ಹಕ್ಕಿ-ಹುಳುಗಳು ಮತ್ತೆ ದನಿ ತೆಗೆಯಲು ಹೊತ್ತು ಹಿಡಿಯುತ್ತದೆ. ಬಳಕೆಗೆ ಬರುವುದು ಹೆಚ್ಚಾಗಿ ಕೊನೆಯ ಭಾಗವೇ.

16 ಎಂಎಂ ಫಿಲ್ಮಿನಲ್ಲಿ ಶಾಟಿನ ಗರಿಷ್ಠ ಉದ್ದವನ್ನು ರೀಲೇ ತೀರ್ಮಾನಿಸುತ್ತದೆ. ಸೆಕೆಂಡಿಗೆ 24 ಫ್ರೇಮಿನಂತೆ 100 ಅಡಿಯ ರೀಲಿಗೆ 2 ನಿಮಿಷ 46 ಸೆಕೆಂಡ್, 400 ಅಡಿಗೆ ಸುಮಾರು 11 ನಿಮಿಷ. ಕೀಲಿ ಕೊಟ್ಟು ಓಡಿಸುವ ಬೋಲೆಕ್ಸ್ ಕ್ಯಾಮೆರಾ ಒಂದು ಕೀಲಿಗೆ ಅರ್ಧ ನಿಮಿಷವೂ ಓಡದು. ಡಿಜಿಟಲ್‌ನಲ್ಲಿ ಈ ಕಡಿವಾಣ ಇಲ್ಲ, ನೀವೇ ಹಾಕಿಕೊಳ್ಳಬೇಕು. ಎಕ್ಸ್‌ಪೋಷರ್ (ಒಳಬರುವ ಬೆಳಕಿನ ಪ್ರಮಾಣ), ವೈಟ್ ಬ್ಯಾಲೆನ್ಸ್ (ಬಣ್ಣದ ಹೊಂದಾಣಿಕೆ), ಫೋಕಸ್ ಮೂರೂ ಮ್ಯಾನುಯಲ್ ಇರಲಿ. ಮೋಡ ಹಾದು ಕತ್ತಲಾದರೆ ಆಗಲಿ ಬಿಡಿ. ಆಟೊ ಎಕ್ಸ್‌ಪೋಷರ್ ಅದನ್ನು ಸರಿಮಾಡಲು ಹೋದರೆ ಬೆಟ್ಟದ ಬದಲು ಕ್ಯಾಮೆರಾ ಕಾಣತೊಡಗುತ್ತದೆ. ಟ್ರೈಪಾಡಿನ ಮೇಲಿದ್ದಾಗ ನಡುಕ ತಡೆಯುವ ಸ್ಟೆಬಿಲೈಸೇಷನ್ ಆಫ್ ಮಾಡಿ, ಇಲ್ಲವಾದರೆ ಫ್ರೇಮ್ ಮೆಲ್ಲಗೆ ತೇಲಬಹುದು.

ಒಬ್ಬರೇ ಚಿತ್ರೀಕರಿಸಿ ತಾವೇ ಫ್ರೇಮಿನಲ್ಲಿ ನಿಲ್ಲುವವರನ್ನು ಹಿಮ ಮತ್ತು ಮರಳು ಸಿಕ್ಕಿಹಾಕಿಸುತ್ತವೆ. ನಿಲ್ಲುವ ಕಡೆ ಕಲ್ಲಿಟ್ಟು ಫೋಕಸ್ ಮಾಡಿ, ಕಲ್ಲು ತೆಗೆದು, ಕ್ಯಾಮೆರಾ ಚಾಲೂ ಮಾಡಿ, ಮತ್ತೆ ನೇರವಾಗಿ ನಡೆದು ಹೋದರೆ ಹೆಜ್ಜೆಗುರುತಿನ ಸಾಲು ಲೆನ್ಸಿನಿಂದಲೇ ಹೊರಟಿರುತ್ತದೆ. ಆಮೇಲೆ ಅಳಿಸಿದರೆ ಅಳಿಸಿದ್ದೂ ಕಾಣುತ್ತದೆ. ಪ್ರತಿ ಸಲವೂ ಫ್ರೇಮಿನ ಹೊರಗೆ ಬಳಸಿ ಹೋಗಿ ಅಂಚಿನಿಂದ ಒಳಬನ್ನಿ. ನಾಲ್ಕೈದು ನಿಮಿಷ ದಂಡವಾದರೂ ಚಿಂತೆಯಿಲ್ಲ.

ಚಳಿಯಲ್ಲಿ ಬ್ಯಾಟರಿ ಬೇಗ ಕೈಕೊಡುತ್ತದೆ, ಹೆಚ್ಚುವರಿ ಬ್ಯಾಟರಿಗಳನ್ನು ಒಳಜೇಬಿನಲ್ಲಿಡಿ.

ಸಂಕಲನದಲ್ಲಿ ಶಬ್ದವನ್ನು ಪೂರ್ತಿ ಸೊನ್ನೆಗೆ ಇಳಿಸಬೇಡಿ; ಪ್ರೇಕ್ಷಕರು ಸ್ಪೀಕರ್ ಕೆಟ್ಟಿತೆಂದುಕೊಳ್ಳುತ್ತಾರೆ. ಆ ಅರ್ಧ ಗಂಟೆಯ ದಾಖಲೆಯಲ್ಲಿ ಬಳಕೆಗೆ ಬರುವ ಭಾಗವನ್ನು ಶಾಟುಗಳ ಕೆಳಗೆ ಉದ್ದಕ್ಕೂ ಹಾಸಿ, ಚಿತ್ರ ಕತ್ತರಿಸಿದ ಕಡೆಯಲ್ಲೆಲ್ಲ ಅದನ್ನೂ ಕತ್ತರಿಸದೆ ಬಿಡಿ.