ಬಾಗೇಪಲ್ಲಿಯಲ್ಲಿ ‘ಅವ್ವ’ ಅಂದರೆ ಯಾರು?

ಪ್ರಶ್ನೆ: ನಾನು ಧಾರವಾಡದವಳು, ನರ್ಸ್ ಆಗಿ ಬಾಗೇಪಲ್ಲಿ ಕಡೆಗೆ ಬಂದಿದ್ದೇನೆ. ಇಲ್ಲಿ ಹಲವರ ಮನೆಮಾತು ತೆಲುಗು. ಏನು ಹೇಳಿದರೂ ‘ಸರಿ ಮೇಡಂ’ ಅಂತಾರೆ, ಹೇಳಿದ ಹಾಗೆ ಮಾತ್ರೆ ತಗೊಂಡಿರುವುದಿಲ್ಲ. ತೆಲುಗು ಕಲಿಯಲೇಬೇಕಾ?

ಉತ್ತರ: ಪೂರ್ತಿ ಬೇಡ, ಮೂವತ್ತು ಮಾತು ಸಾಕು. ಬಾಗೇಪಲ್ಲಿ, ಗುಡಿಬಂಡೆ, ಶ್ರೀನಿವಾಸಪುರ, ಪಾವಗಡದ ಜನಕ್ಕೆ ಎರಡು ಭಾಷೆ ಹೊಸದಲ್ಲ. ಈ ಸೀಮೆಯ ಸಂತಕವಿ ಕೈವಾರ ತಾತಯ್ಯನವರು ಎರಡರಲ್ಲೂ ಪದ ಕಟ್ಟಿದವರು. ಆದರೆ ಸಂತೆಗೆ, ಬಸ್ಸಿಗೆ ಸಾಕಾಗುವ ಕನ್ನಡ ನೋವು ಹೇಳಿಕೊಳ್ಳಲು ಸಾಲುವುದಿಲ್ಲ. ಜ್ವರದಲ್ಲಿ ನರಳುವಾಗ ಬಾಯಿಗೆ ಬರುವುದು ಮನೆಮಾತೇ.

ಮೊದಲು ನಿಮ್ಮ ಕನ್ನಡವನ್ನೇ ನೋಡಿಕೊಳ್ಳಿ. ‘ಮುಂಜಾನೆ ನಾಷ್ಟಾ ಆದಮ್ಯಾಲೆ ಒಂದು ಗುಳಿಗಿ’ ಅಂದರೆ ಇಲ್ಲಿ ಕನ್ನಡದ ಮನೆಯವರೂ ತಡವರಿಸುತ್ತಾರೆ. ಮುಂಜಾನೆ ಅಂದರೆ ಈ ಕಡೆ ನಸುಕು. ‘ಬೆಳಿಗ್ಗೆ ತಿಂಡಿ ಆದ್ಮೇಲೆ ಒಂದು ಮಾತ್ರೆ’ ಅನ್ನಿ. ತೆಲುಗಿನಲ್ಲೂ ಅದು ‘ಮಾತ್ರ’, ಹಾಗಾಗಿ ಯಾರಿಗೂ ತೊಡಕಿಲ್ಲ.

ಇನ್ನು ‘ಅವ್ವ’. ನಿಮಗೆ ತಾಯಿ, ಇಲ್ಲಿನ ತೆಲುಗಿನಲ್ಲಿ ಅಜ್ಜಿ. ‘ಅವ್ವಕು ಜ್ವರಂ’ ಅಂದಾಗ ‘ತಾಯಿ ಕಾರ್ಡಿ’ನಲ್ಲಿ (ಗರ್ಭಿಣಿ, ಬಾಣಂತಿಯರ ಆರೋಗ್ಯದ ಚೀಟಿ) ಬರೆದುಬಿಟ್ಟರೆ 70 ವರ್ಷದವರ ಔಷಧ 25ರ ಬಾಣಂತಿಗೆ ಹೋಗುತ್ತದೆ. ನಂಟಿನ ಹೆಸರು ನಂಬಬೇಡಿ, ರೋಗಿಯ ಹೆಸರು, ವಯಸ್ಸು ಕೇಳಿ. ‘ಕಳ್ಳು ತಿರುಗುತುನ್ನಾಯಿ’ (ಕೆಲವರ ಬಾಯಲ್ಲಿ ‘ಕಂಡ್ಲು’) ಎಂಬುದು ಹೆಂಡದ ಮಾತಲ್ಲ, ಕಣ್ಣಿನ ದೂರೂ ಅಲ್ಲ. ತಲೆಸುತ್ತು ಬರುತ್ತಿದೆ ಅಂತ, ಬಿ.ಪಿ. ನೋಡಿ. ‘ಕಡುಪು ನೊಪ್ಪಿ’ ಹೊಟ್ಟೆನೋವು. ‘ಗುಂಡೆ ನೊಪ್ಪಿ’ ಎದೆನೋವು, ಅವರನ್ನು ಸರದಿಯಲ್ಲಿ ಕೂರಿಸಬೇಡಿ.

‘ಅತ್ತೆ ಬಂತು, ಕೂತಿದೆ’ ಎಂದು ಸೊಸೆ ಹೇಳಿದರೆ ಅಗೌರವ ಎಂದುಕೊಳ್ಳಬೇಡಿ. ತೆಲುಗಿನ ಏಕವಚನದಲ್ಲಿ ಹೆಂಗಸಿಗೂ ವಸ್ತುವಿಗೂ ಕ್ರಿಯಾಪದ ಒಂದೇ: ‘ವಚ್ಚಿಂದಿ’. ಅದೇ ಅಚ್ಚು ಕನ್ನಡಕ್ಕೆ ಬಂದಿರುತ್ತದೆ.

‘ನಾವು’ ಇನ್ನೂ ನಾಜೂಕು. ಕೇಳುವವರೂ ಸೇರಿದ್ದರೆ ತೆಲುಗಿನಲ್ಲಿ ‘ಮನಂ’, ಅವರನ್ನು ಬಿಟ್ಟರೆ ‘ಮೇಮು’. ನಮ್ಮ ಕನ್ನಡಕ್ಕೆ ಆ ಭೇದವಿಲ್ಲ. ನೀವು ಮೃದುವಾಗಿ ‘ನಾವು ಸ್ಕ್ಯಾನಿಂಗ್ ಮಾಡಿಸ್ಬೇಕು’ ಅಂದರೆ, ಆಸ್ಪತ್ರೆಯವರೇ ಕರಕೊಂಡು ಹೋಗುತ್ತಾರೆಂದು ಕಾದು ಕೂರಬಹುದು. ‘ನೀವು ಹೋಗಬೇಕು, ಗುರುವಾರ, ಈ ಚೀಟಿ ತಗೊಂಡು’ ಅನ್ನಿ.

ಈಗ ಆ ‘ಸರಿ’. ಅದು ನಿಮಗೆ ಕೊಡುವ ಮರ್ಯಾದೆ, ಅರ್ಥವಾಯಿತೆಂಬ ಗುರುತಲ್ಲ. ‘ಗೊತ್ತಾಯ್ತಾ?’ ಅಂದರೆ ಇನ್ನೊಂದು ‘ಸರಿ’ ಬರುತ್ತದೆ, ಅಷ್ಟೇ. ‘ನೋವಿಲ್ವಾ?’ ಎಂದು ಕೇಳಿ ‘ಹೂಂ’ ಬಂದರೆ ಇದೆಯೋ ಇಲ್ಲವೋ ದೇವರಿಗೇ ಗೊತ್ತು. ‘ಎಲ್ಲಿ ನೋಯುತ್ತೆ, ತೋರಿಸಿ’ ಅನ್ನಿ. ಮಾತ್ರೆ ಕೈಗಿಟ್ಟು ‘ಎಟ್ಲ ವೇಸ್ಕುಂಟಾರು, ಚೆಪ್ಪಂಡಿ’ (ಹೇಗೆ ತಗೋತೀರಿ, ಹೇಳಿ) ಎಂದು ಅವರಿಂದಲೇ ಹೇಳಿಸಿ. ತಪ್ಪಿದರೆ ಗದರದೆ, ಅದೇ ಮಾತನ್ನು ಜೋರಾಗಿ ಒದರದೆ, ಬೇರೆ ಮಾತಿನಲ್ಲಿ ಹೇಳಿ ಮತ್ತೆ ಕೇಳಿ. ಓ.ಆರ್.ಎಸ್. ಕೊಡುವಾಗ ‘ಒಂದು ಚೊಂಬು ನೀರು’ ಅನ್ನಬೇಡಿ, ಮನೆಗೊಂದು ಅಳತೆಯ ಚೊಂಬಿರುತ್ತದೆ. ನೀರು ಕಡಿಮೆಯಾದರೆ ಉಪ್ಪು ಹೆಚ್ಚಾಗಿ ಮಗುವಿಗೆ ಅಪಾಯ. 1 ಲೀಟರಿನ ಬಾಟಲಿ ತೋರಿಸಿ: ದೊಡ್ಡ ಪ್ಯಾಕೆಟ್ ಇಡಿಯಾಗಿ ಅದಕ್ಕೆ, 24 ಗಂಟೆಯಾದ ಮೇಲೆ ಉಳಿದದ್ದು ಚೆಲ್ಲಬೇಕು.

ಮಾತು ತಿರುಗಿಸಿ ಹೇಳಲು ಜೊತೆಗೆ ಬಂದ ಶಾಲೆಯ ಹುಡುಗನನ್ನು ಕೂರಿಸಬೇಡಿ. ಮಗನ ಎದುರು ಯಾವ ತಾಯಿಯೂ ಮುಟ್ಟಿನ ವಿಷಯ ಬಾಯಿಬಿಡುವುದಿಲ್ಲ. ಆಶಾ ಕಾರ್ಯಕರ್ತೆ ಒಳ್ಳೆಯ ಆಸರೆ. ಆದರೆ ಆಕೆಯೂ ಅದೇ ಊರಿನವಳು. ಗರ್ಭಪಾತ, ಎಚ್‌ಐವಿ, ಗಂಡನ ಹೊಡೆತದಂಥ ವಿಷಯಕ್ಕೆ ತೆಲುಗು ಬಲ್ಲ ಸಹೋದ್ಯೋಗಿಯನ್ನೇ ಕರೆದು ಬಾಗಿಲು ಮುಂದೆ ಮಾಡಿ.