ಡಿಜ್ಮಾನನ್ನು ಮೇಲೇರಿಸಿದವರು

ಚಿತ್ರಕಥೆ ಕಲಿಯುವವರು ರಾಜಕೀಯ ವಿಡಂಬನೆಗೆ ಕೈಹಾಕಿದಾಗ ಅವಕಾಶವಾದಿಯ ಬಾಯಿಗೆ ಉದ್ದುದ್ದ ಸುಳ್ಳುಗಳನ್ನು ತುಂಬುವುದನ್ನು ತರಗತಿಯಲ್ಲಿ ಮತ್ತೆ ಮತ್ತೆ ಕಾಣುತ್ತೇನೆ. ಅವರಿಗೆ ನಾನು ಸೂಚಿಸುವುದು ಯಾನ್ ರಿಬ್ಕೋವ್ಸ್ಕಿ 1956ರಲ್ಲಿ ನಿರ್ದೇಶಿಸಿದ, ನಿಕೊಡೆಮ್ ಡಿಜ್ಮಾ ಎಂಬವನ ಏಳಿಗೆಯನ್ನು ಹೇಳುವ ಪೋಲಿಷ್ ಹಾಸ್ಯಚಿತ್ರವನ್ನು. ಇದರ ಮೂಲ ತದೆಉಷ್ ದೊವೆಂಗಾ-ಮೊಸ್ತೊವಿಚ್ ಅವರ 1932ರ ಕಾದಂಬರಿ.

ಕೆಲಸ ಕಳೆದುಕೊಂಡ ಸಣ್ಣ ಊರಿನ ಅಂಚೆ ಗುಮಾಸ್ತ ಡಿಜ್ಮಾನಿಗೆ ವಾರ್ಸಾದಲ್ಲಿ ಯಾರೋ ಬೀಳಿಸಿಕೊಂಡ ಔತಣಕೂಟದ ಆಹ್ವಾನಪತ್ರ ಸಿಗುತ್ತದೆ. ಹಸಿದಿದ್ದ ಅವನು ಊಟಕ್ಕೆಂದೇ ಹೋಗುತ್ತಾನೆ. ಅಲ್ಲಿ ತನ್ನ ತಟ್ಟೆಗೆ ತಾಗಿದವನನ್ನು ಒರಟಾಗಿ ಗದರಿಸುತ್ತಾನೆ. ಆತ ಎಲ್ಲರೂ ಅಂಜುವ, ಒಳಗೊಳಗೇ ದ್ವೇಷಿಸುವ ಉನ್ನತ ಅಧಿಕಾರಿಯೆಂಬುದು ಅವನಿಗೆ ತಿಳಿದಿಲ್ಲ. ಗದರಿಕೆಯನ್ನು ಧೈರ್ಯವೆಂದು ಬಗೆದ ಗಣ್ಯರು ಬಂದು ಕೈಕುಲುಕುತ್ತಾರೆ, ಮಂತ್ರಿಯ ಪರಿಚಯವಾಗುತ್ತದೆ, ಆ ಪರಿಚಯವನ್ನು ಕಂಡ ಜಮೀನ್ದಾರ ಕುನಿಟ್ಸ್ಕಿ ತನ್ನ ಎಸ್ಟೇಟಿನ ಆಡಳಿತವನ್ನೇ ಅವನಿಗೊಪ್ಪಿಸುತ್ತಾನೆ. ಮುಂದೆ ಡಿಜ್ಮಾ ತನ್ನದೆಂದು ಮಂಡಿಸಿ ಸರ್ಕಾರಿ ಧಾನ್ಯ ಬ್ಯಾಂಕಿನ ಅಧ್ಯಕ್ಷನಾಗುವ ಧಾನ್ಯದ ಯೋಜನೆಯೂ ಕುನಿಟ್ಸ್ಕಿಯದೇ.

ಡಿಜ್ಮಾ ಸುಳ್ಳು ಹೇಳದವನೇನಲ್ಲ. ಆದರೆ ಅವನನ್ನು ಮೇಲೇರಿಸುವುದು ಸುಳ್ಳಿಗಿಂತ ಹೆಚ್ಚಾಗಿ ಅವನ ಮೌನ. ಅವನು ಉತ್ತರ ತೋಚದೆ ಸುಮ್ಮನಿದ್ದಾಗಲೆಲ್ಲ ಎದುರಿನವರು ತಮಗೆ ಬೇಕಾದ ಅರ್ಥವನ್ನು ತುಂಬಿಕೊಂಡು ಅವನ ಜಾಣತನವನ್ನು ಹೊಗಳುತ್ತಾರೆ. ಆದ್ದರಿಂದ ಇಂಥ ದೃಶ್ಯದಲ್ಲಿ ಬರಹಗಾರನ ಶ್ರಮವೆಲ್ಲ ಕೇಳುವವರ ಪಾತ್ರಗಳ ಮೇಲಿರಬೇಕು: ಒಬ್ಬೊಬ್ಬರಿಗೂ ಅವನನ್ನು ನಂಬಲು ಸ್ವಂತ ಲಾಭದ ಕಾರಣವೊಂದಿರಬೇಕು. ಕಾದಂಬರಿಯ ಕೊನೆಯಲ್ಲಿ ಕುನಿಟ್ಸ್ಕಿಯ ಭಾವಮೈದ ಪೊನಿಮಿರ್ಸ್ಕಿ ಡಿಜ್ಮಾನ ಕುರಿತ ಸತ್ಯವನ್ನು ಕೂಗಿ ಹೇಳಿದರೂ, ನೆರೆದವರು ಅವನನ್ನು ಹುಚ್ಚನೆಂದು ತಳ್ಳಿಹಾಕುವುದು ಇದೇ ಕಾರಣಕ್ಕೆ.

ಈ ಕಥೆಯ ಸಿಟ್ಟಿಗೆ ಚರಿತ್ರೆಯ ಬೇರಿದೆ. 1926ರ ಮೇ ತಿಂಗಳಲ್ಲಿ ಪೋಲೆಂಡಿನ ಸೇನಾನಾಯಕ ಪಿಲ್ಸುದ್ಸ್ಕಿ ಬಲಪ್ರಯೋಗದಿಂದ ಅಧಿಕಾರ ಹಿಡಿದರು. ಪತ್ರಕರ್ತರಾಗಿದ್ದ ದೊವೆಂಗಾ-ಮೊಸ್ತೊವಿಚ್ ಆ ಆಡಳಿತವನ್ನು ಟೀಕಿಸಿ ಬರೆಯುತ್ತಿದ್ದರು. 1927ರಲ್ಲಿ ಅವರ ಮೇಲೆ ಕ್ರೂರ ಹಲ್ಲೆ ನಡೆಯಿತು.

ರಿಬ್ಕೋವ್ಸ್ಕಿ ಈ ಕಥೆಗೆ ಎರಡು ಸಲ ಕೈಹಾಕಿದರು. 1956ರ ಡಿಜ್ಮಾ ಯುದ್ಧಪೂರ್ವದ ಜನಪ್ರಿಯ ಹಾಸ್ಯನಟ ಅಡೋಲ್ಫ್ ಡಿಮ್ಶಾ. ಮಾರೆಕ್ ನೊವಿಟ್ಸ್ಕಿಯವರೊಡನೆ ನಿರ್ದೇಶಿಸಿದ 1980ರ ದೂರದರ್ಶನ ಸರಣಿಯಲ್ಲಿ ರೊಮಾನ್ ವಿಲ್ಹೆಲ್ಮಿ. ಡಿಮ್ಶಾನ ಡಿಜ್ಮಾನನ್ನು ಕ್ಷಮಿಸಬಹುದೆನಿಸುತ್ತದೆ. ವಿಲ್ಹೆಲ್ಮಿಯ ಡಿಜ್ಮಾನಲ್ಲಿ ಸಿಕ್ಕಿದ್ದನ್ನು ಬಿಟ್ಟುಕೊಡದ ಒರಟುತನವಿದೆ, ನನ್ನ ದೃಷ್ಟಿಯಲ್ಲಿ ಅದೇ ಕಾದಂಬರಿಗೆ ಹೆಚ್ಚು ಹತ್ತಿರ. ಕಲಿಯುವವರು ಎರಡನ್ನೂ ನೋಡಲಿ, ಆದರೆ ಚಲನಚಿತ್ರವನ್ನು ಮೊದಲು ನೋಡಲಿ; ನಗುತ್ತ ಒಪ್ಪಿಕೊಂಡವನನ್ನು ಸರಣಿಯಲ್ಲಿ ಕಂಡು ಅಂಜಿದಾಗಲೇ ನಟನ ಆಯ್ಕೆಯೊಂದು ವಿಡಂಬನೆಯ ಮೊನೆಯನ್ನು ಎಷ್ಟು ಬದಲಿಸುತ್ತದೆಂಬುದು ಅವರಿಗೆ ತಿಳಿಯುತ್ತದೆ.